ಟೆಂಡರ್ ತಕರಾರು: ಸಮಯ ಮೀರಿದರೆ ಫಲವಿಲ್ಲ

ಬೆಂಗಳೂರು: ಪೀಣ್ಯದ ಒಳರಸ್ತೆಯಿರಲಿ, ವೈಟ್‌ಫೀಲ್ಡ್‌ನ ಚರಂಡಿಯಿರಲಿ, ಸರ್ಕಾರಿ ಕಾಮಗಾರಿಯೊಂದರ ಟೆಂಡರ್ ಒಬ್ಬರ ಪಾಲಾದಾಗ ಉಳಿದವರಲ್ಲಿ ಅಸಮಾಧಾನ ಸಹಜ. ಆ ತೀರ್ಮಾನವನ್ನು ಪ್ರಶ್ನಿಸಲು ಕಾನೂನಿನಲ್ಲಿ ಅವಕಾಶವಿದೆ. ಆದರೆ ಯಾರ ಮುಂದೆ, ಯಾವಾಗ, ಯಾವ ಆಧಾರದ ಮೇಲೆ ಪ್ರಶ್ನಿಸಬೇಕು ಎಂಬುದರಲ್ಲಿ ಎಡವಿದರೆ ನ್ಯಾಯವಾದ ದೂರೂ ಬಿದ್ದುಹೋಗುತ್ತದೆ.

ಮೊದಲ ಮೆಟ್ಟಿಲು

ರಾಜ್ಯದ ಟೆಂಡರ್‌ಗಳಿಗೆ ಆಧಾರವಾಗಿರುವುದು ಕರ್ನಾಟಕ ಸಾರ್ವಜನಿಕ ಸಂಗ್ರಹಣೆಗಳಲ್ಲಿ ಪಾರದರ್ಶಕತೆ ಅಧಿನಿಯಮ, 1999. ಟೆಂಡರ್ ಅಂಗೀಕರಿಸಿದ ಆದೇಶದಿಂದ ಬಾಧಿತನಾದ ಟೆಂಡರುದಾರ, ಆದೇಶ ಕೈಸೇರಿದ 30 ದಿನಗಳೊಳಗೆ ಮೇಲ್ಮನವಿ ಸಲ್ಲಿಸಬಹುದು ಎಂದು ಇದರ 16ನೇ ಪ್ರಕರಣ ಹೇಳುತ್ತದೆ. ಈ ಮೆಟ್ಟಿಲನ್ನು ಬಿಟ್ಟು ನೇರವಾಗಿ ಹೈಕೋರ್ಟ್‌ಗೆ ಹೋದವರಿಗೆ ಎದುರಾಗುವ ಮೊದಲ ಪ್ರಶ್ನೆಯೇ, ಮೇಲ್ಮನವಿ ಏಕೆ ಸಲ್ಲಿಸಲಿಲ್ಲ ಎಂಬುದು.

ನ್ಯಾಯಾಲಯ ನೋಡುವುದೇನು?

ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟ್‌ಗೆ ರಿಟ್ ಅರ್ಜಿ ಸಲ್ಲಿಸಬಹುದು. ಆದರೆ ಯಾರ ಬಿಡ್ ಉತ್ತಮವೆಂದು ನ್ಯಾಯಾಲಯ ತೂಗಿ ನೋಡುವುದಿಲ್ಲ. ತೀರ್ಮಾನಕ್ಕೆ ಬಂದ ವಿಧಾನ ಸರಿಯೇ ಎಂಬುದಷ್ಟೇ ಪರಿಶೀಲನೆಯ ವಿಷಯವೆಂದು ಸುಪ್ರೀಂ ಕೋರ್ಟ್ 1994ರ ಟಾಟಾ ಸೆಲ್ಯುಲರ್ ಪ್ರಕರಣದಲ್ಲಿ ಸ್ಪಷ್ಟಪಡಿಸಿತು.

ಟೆಂಡರ್ ಷರತ್ತುಗಳ ವಿಷಯದಲ್ಲೂ ಇದೇ ನಿಲುವು. ಕೆ.ಎಸ್.ಆರ್.ಟಿ.ಸಿ.ಯ ಟೈರ್ ಖರೀದಿ ಟೆಂಡರ್‌ನ ಪೂರ್ವಾರ್ಹತಾ ಷರತ್ತುಗಳನ್ನು ಮಿಷಿಗನ್ ರಬ್ಬರ್ (ಇಂಡಿಯಾ) ಸಂಸ್ಥೆ ಪ್ರಶ್ನಿಸಿತ್ತು. 2012ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಅದರ ಮೇಲ್ಮನವಿಯನ್ನು ವಜಾ ಮಾಡಿತು. ದುರುದ್ದೇಶ ಅಥವಾ ಮನಸೋಇಚ್ಛೆಯ ವರ್ತನೆ ಸಾಬೀತಾಗದಿದ್ದರೆ, ಸಾರ್ವಜನಿಕ ಹಿತಕ್ಕೆ ಧಕ್ಕೆಯಾಗದಿದ್ದರೆ ಹಸ್ತಕ್ಷೇಪವಿಲ್ಲ ಎಂಬುದು ಈ ತೀರ್ಪಿನ ಸಾರ.

ತಡೆಯಾಜ್ಞೆ ಸುಲಭವಲ್ಲ

2018ರಲ್ಲಿ ನಿರ್ದಿಷ್ಟ ಪರಿಹಾರ ಕಾಯಿದೆಗೆ ತಿದ್ದುಪಡಿಯಾಯಿತು. ಮೂಲಸೌಕರ್ಯ ಕಾಮಗಾರಿಗೆ ಅಡ್ಡಿ ಅಥವಾ ವಿಳಂಬ ಉಂಟಾಗುವಂತಿದ್ದರೆ ಸಿವಿಲ್ ನ್ಯಾಯಾಲಯ ತಡೆಯಾಜ್ಞೆ ನೀಡುವಂತಿಲ್ಲ. ಜಾರ್ಖಂಡ್‌ನ ರಸ್ತೆ ಕಾಮಗಾರಿ ಕುರಿತ 2022ರ ಎನ್.ಜಿ. ಪ್ರಾಜೆಕ್ಟ್ಸ್ ಪ್ರಕರಣದಲ್ಲಿ, ರಿಟ್ ನ್ಯಾಯಾಲಯಗಳೂ ಈ ಆಶಯವನ್ನು ಗಮನದಲ್ಲಿಡಬೇಕೆಂದು ಸುಪ್ರೀಂ ಕೋರ್ಟ್ ಹೇಳಿತು. ಅನ್ಯಾಯವಾಗಿದ್ದರೂ ಕೆಲಸ ನಿಲ್ಲಿಸುವ ಬದಲು ನಷ್ಟ ಪರಿಹಾರದತ್ತ ನೋಡಬೇಕು ಎಂಬುದು ಅದರ ಸಲಹೆ.

ಇಲ್ಲಿ ಎರಡು ಹಿತಗಳ ನಡುವೆ ಘರ್ಷಣೆಯಿದೆ. ತಡೆಯಾಜ್ಞೆ ಬಂದರೆ ಜನ ಗುಂಡಿಬಿದ್ದ ರಸ್ತೆಯಲ್ಲೇ ಓಡಾಡಬೇಕು. ಬಾರದಿದ್ದರೆ, ಅರ್ಜಿದಾರನ ಪರವಾಗಿ ತೀರ್ಪು ಬರುವ ಹೊತ್ತಿಗೆ ಕಾಮಗಾರಿಯೇ ಮುಗಿದಿರಬಹುದು.

ನೈಸ್ ಪ್ರಕರಣದ ಪಾಠ

ತಕರಾರನ್ನು ತಡವಾಗಿ ಎತ್ತಿದರೆ ಏನಾಗುತ್ತದೆ ಎಂಬುದಕ್ಕೆ, ತುಮಕೂರು ರಸ್ತೆಯಿಂದ ಎಲೆಕ್ಟ್ರಾನಿಕ್ ಸಿಟಿ ಬಳಿಯ ಹೊಸೂರು ರಸ್ತೆಯನ್ನು ತಲುಪುವ ನೈಸ್ ರಸ್ತೆಯೇ ಸಾಕ್ಷಿ. ಬೆಂಗಳೂರು–ಮೈಸೂರು ಮೂಲಸೌಕರ್ಯ ಕಾರಿಡಾರ್ ಯೋಜನೆಗೆ 1997ರ ಏಪ್ರಿಲ್ 3ರಂದು, ಅಂದರೆ ಪಾರದರ್ಶಕತೆ ಅಧಿನಿಯಮಕ್ಕೂ ಮೊದಲೇ, ಒಪ್ಪಂದವಾಯಿತು. ಅದನ್ನು ಪ್ರಶ್ನಿಸಿದ ಸಾರ್ವಜನಿಕ ಹಿತಾಸಕ್ತಿ ಅರ್ಜಿಯನ್ನು ಹೈಕೋರ್ಟ್ 1998ರಲ್ಲಿ ತಳ್ಳಿಹಾಕಿತು. ಆಗ ಸರ್ಕಾರವೂ ಯೋಜನೆಯನ್ನು ಸಮರ್ಥಿಸಿಕೊಂಡಿತ್ತು.

ಮುಂದೆ ಅದೇ ಸರ್ಕಾರ, ಒಪ್ಪಂದದಲ್ಲಿರುವ 20,193 ಎಕರೆ ಭೂಮಿ ಅಗತ್ಯಕ್ಕಿಂತ ಹೆಚ್ಚೆಂದು ವಾದಿಸಿತು. 2006ರ ಏಪ್ರಿಲ್ 20ರಂದು ಸುಪ್ರೀಂ ಕೋರ್ಟ್ ಆ ವಾದವನ್ನು ಒಪ್ಪಲಿಲ್ಲ. ಮೊದಲ ವ್ಯಾಜ್ಯದಲ್ಲಿ ತೀರ್ಮಾನವಾದುದನ್ನು ಮಾತ್ರವಲ್ಲ, ಆಗಲೇ ಎತ್ತಬಹುದಾಗಿದ್ದ ತಕರಾರನ್ನೂ ಮತ್ತೆ ಎತ್ತುವಂತಿಲ್ಲ. ಈ ನಿಯಮ ಹಿತಾಸಕ್ತಿ ಅರ್ಜಿಗಳಿಗೂ ಅನ್ವಯ ಎಂದಿತು.

ಗಮನಿಸಬೇಕಾದ್ದು

ಷರತ್ತುಗಳ ಬಗ್ಗೆ ಆಕ್ಷೇಪವಿದ್ದರೆ ಬಿಡ್ ಸಲ್ಲಿಸುವ ಮೊದಲೇ ಲಿಖಿತವಾಗಿ ತಿಳಿಸುವುದು ಲೇಸು. ತಾಂತ್ರಿಕ ಹಂತದಲ್ಲಿ ಬಿಡ್ ತಿರಸ್ಕೃತವಾದರೆ ಕಾರಣವನ್ನು ಬರವಣಿಗೆಯಲ್ಲಿ ಪಡೆಯಬೇಕು. ಎಲ್ಲ ಆಧಾರಗಳನ್ನೂ ಒಂದೇ ಅರ್ಜಿಯಲ್ಲಿ, ಕಾಮಗಾರಿ ಆರಂಭವಾಗುವ ಮುನ್ನವೇ ಮಂಡಿಸಬೇಕು. ಸಣ್ಣ ಗುತ್ತಿಗೆದಾರನಿಗೆ ಕಾನೂನು ಕೊಟ್ಟಿರುವ ರಕ್ಷಣೆ ಚಿಕ್ಕದೇನಲ್ಲ; ಆದರೆ ಅದರ ಅವಧಿ ಮಾತ್ರ ಚಿಕ್ಕದು.