ಚಂದದ ಚಿಪ್ಪಿನೊಳಗೊಬ್ಬ ಬೇಟೆಗಾರ

ರಜೆ ಬಂತೆಂದರೆ ಕುಟುಂಬ ಸಮೇತ ಸಮುದ್ರತೀರಕ್ಕೆ ಹೋಗುವುದು ನಮಗೆಲ್ಲ ಸಂಭ್ರಮ. ದೊಡ್ಡವರು ಅಲೆ ನೋಡುತ್ತಾ ಕುಳಿತರೆ, ಮಕ್ಕಳು ಜೇಬಿನ ತುಂಬಾ ಚಿಪ್ಪು ಆರಿಸುತ್ತಾರೆ. ಆದರೆ ಎಲ್ಲ ಚಿಪ್ಪುಗಳೂ ಖಾಲಿಯಾಗಿರುವುದಿಲ್ಲ.

ಬೆಚ್ಚನೆಯ ಸಮುದ್ರಗಳ ಮರಳಿನಲ್ಲಿ, ಹವಳದ ದಿಬ್ಬಗಳಲ್ಲಿ ಕೋನ್ ಬಸವನಹುಳು ಎಂಬ ಜೀವಿ ವಾಸಿಸುತ್ತದೆ. ಐಸ್‌ಕ್ರೀಂ ಕೋನಿನ ಆಕಾರ, ಮೈಮೇಲೆ ಬಣ್ಣದ ಚಿತ್ತಾರ. ಇದರಲ್ಲಿ 700ಕ್ಕೂ ಹೆಚ್ಚು ಜಾತಿಗಳಿವೆ. ನಮ್ಮ ದೇಶದ ಲಕ್ಷದ್ವೀಪ, ಮನ್ನಾರ್ ಕೊಲ್ಲಿ ಮತ್ತು ಅಂಡಮಾನಿನಲ್ಲೂ ಇವೆ. ಹೆಚ್ಚಿನವು ಹುಳುಗಳನ್ನು ತಿನ್ನುತ್ತವೆ. ಕೆಲವು ಇತರ ಬಸವನಹುಳುಗಳನ್ನು, ಕೆಲವು ಮೀನನ್ನೇ ತಿನ್ನುತ್ತವೆ.

ತೆವಳುವ ಹುಳು ಈಜುವ ಮೀನನ್ನು ಹಿಡಿಯುವುದು ಹೇಗೆ? ಹಗಲು ಅದು ಮರಳಿನಲ್ಲಿ ಅಡಗಿರುತ್ತದೆ. ರಾತ್ರಿ ನೀರಿನಲ್ಲಿ ಬರುವ ವಾಸನೆಯಿಂದ ಬೇಟೆಯನ್ನು ಗುರುತಿಸಿ, ಸೊಂಡಿಲನ್ನು ಮೆಲ್ಲನೆ ಚಾಚುತ್ತದೆ. ಅದರ ತುದಿಯಲ್ಲಿ ಟೊಳ್ಳಾದ, ಈಟಿಯಂಥ ಹಲ್ಲು. ಚುಚ್ಚಿದ ಕ್ಷಣದಲ್ಲೇ ವಿಷವೇರಿ ಮೀನು ಮರಗಟ್ಟುತ್ತದೆ. ಒಂದು ಹಲ್ಲು ಒಂದೇ ಸಲಕ್ಕೆ. ಮುಂದಿನ ಬೇಟೆಗೆ ಬೇರೆ ಹಲ್ಲುಗಳು ಒಳಗೆ ಸಿದ್ಧವಾಗಿರುತ್ತವೆ. ವಿಷ ನಿಧಾನವಾಗಿ ಏರಿದರೆ ಮೀನು ಈಜಿ ಪಾರಾಗುತ್ತದೆ. ಬೆನ್ನಟ್ಟಲಾಗದ ಈ ಜೀವಿಗೆ ವಿಷದ ವೇಗವೇ ಆಧಾರ.

ಜಿಯಾಗ್ರಫಿ ಕೋನ್ ಎಂಬ ಜಾತಿಯದ್ದು ಇನ್ನೊಂದು ಉಪಾಯ. ಅದು ಬಾಯಿಯನ್ನು ಬಲೆಯಂತೆ ಅಗಲಿಸಿ ಮೀನುಗಳನ್ನು ಒಳಗೆ ಸೆಳೆದುಕೊಳ್ಳುತ್ತದೆ. ಅದರ ವಿಷದಲ್ಲಿ ಇನ್ಸುಲಿನ್ ಇರುವುದನ್ನು 2015ರಲ್ಲಿ ವಿಜ್ಞಾನಿಗಳು ಪ್ರಕಟಿಸಿದರು. ಆ ಇನ್ಸುಲಿನ್‌ನಿಂದ ಮೀನಿನ ರಕ್ತದ ಸಕ್ಕರೆ ಇಳಿದು ಅದು ಮಂಕಾಗುತ್ತದೆ.

ಈ ಜಾತಿಯ ಚುಚ್ಚುವಿಕೆಯಿಂದ ಮನುಷ್ಯರೂ ಸತ್ತದ್ದುಂಟು. ಮೊದಲು ನೋವು ಹೆಚ್ಚಿಲ್ಲದಿರಬಹುದು. ಆಮೇಲೆ ಉಸಿರಾಟದ ಸ್ನಾಯುಗಳೇ ನಿಲ್ಲಬಹುದು. ಇದಕ್ಕೆ ಪ್ರತಿವಿಷವಿಲ್ಲ. ಆದರೆ ಇದೇ ಕುಲದ ಇನ್ನೊಂದು ಜಾತಿಯ ವಿಷವನ್ನು ಅನುಸರಿಸಿ ತಯಾರಿಸಿದ ಝೈಕೊನೊಟೈಡ್ ಎಂಬ ಔಷಧಿಗೆ 2004ರಲ್ಲಿ ಅಮೆರಿಕದಲ್ಲಿ ಅನುಮತಿ ಸಿಕ್ಕಿತು. ಬೇರೆ ಮದ್ದಿಗೆ ಬಗ್ಗದ ತೀವ್ರ ನೋವಿರುವವರಿಗೆ ಅದನ್ನು ಬೆನ್ನುಹುರಿಯ ದ್ರವಕ್ಕೆ ಕೊಡುತ್ತಾರೆ.

ತಂದೆತಾಯಂದಿರೇ, ಕೋನಿನಾಕಾರದ ಚಿಪ್ಪು ಕಂಡರೆ ಮುಟ್ಟದಿರಲು ಮಕ್ಕಳಿಗೆ ಹೇಳಿಕೊಡಿ. ಅಗಲವಾದ ತುದಿಯಲ್ಲಿ ಹಿಡಿದರೆ ಅಪಾಯವಿಲ್ಲ ಎಂಬ ಮಾತನ್ನು ನಂಬಬೇಡಿ. ಸೊಂಡಿಲು ಅಲ್ಲಿಗೂ ತಲುಪಬಲ್ಲದು. ಚುಚ್ಚಿದರೆ ಗಾಯವನ್ನು ಕೊಯ್ಯಬೇಡಿ, ಚೀಪಬೇಡಿ. ಕೈಕಾಲು ಅಲುಗಿಸದೆ ತಕ್ಷಣ ಆಸ್ಪತ್ರೆಗೆ ಕರೆದೊಯ್ಯಿರಿ. ಆ ಜೀವಿಗೆ ನಮ್ಮ ಮೇಲೆ ಹಗೆಯಿಲ್ಲ. ಅದರ ಮನೆಯನ್ನು ನಾವು ಜೇಬಿಗೆ ಹಾಕಿಕೊಳ್ಳದಿದ್ದರೆ ಸಾಕು.