ಎಕ್ಸಂಬಾದ ಹಿಂದ್ ಕೇಸರಿ

ಕುಸ್ತಿಪಟು ಶ್ರೀಪತಿ ಖಂಚನಾಳೆ ಭಾರತದ ಮೊದಲ ‘ಹಿಂದ್ ಕೇಸರಿ’. ಬೆಳಗಾವಿ ಜಿಲ್ಲೆಯ ಚಿಕ್ಕೋಡಿ ಸೀಮೆಯ ಎಕ್ಸಂಬಾದಲ್ಲಿ 1934ರಲ್ಲಿ ಹುಟ್ಟಿದರು. ಆಗ ಆ ಊರು ಮುಂಬಯಿ ಪ್ರಾಂತ್ಯಕ್ಕೆ ಸೇರಿತ್ತು. 1956ರಲ್ಲಿ ಮೈಸೂರು ರಾಜ್ಯಕ್ಕೆ ಬಂತು. ಕುಸ್ತಿಯವರಿಗೆ ರಾಜ್ಯಗಳ ಗಡಿ ಅಷ್ಟೇನೂ ಲೆಕ್ಕಕ್ಕಿರಲಿಲ್ಲ. ಕೃಷ್ಣಾ ತೀರದ ಕನ್ನಡ ಹಳ್ಳಿಗಳ ಹುಡುಗರಿಗೆ ಮೈ ಪಳಗಿಸುವ ಊರೆಂದರೆ ಗಡಿಯಾಚೆಯ ಕೊಲ್ಲಾಪುರ.

ಕೊಲ್ಲಾಪುರದ ಅರಸ ಶಾಹೂ ಮಹಾರಾಜರ ಕಾಲದಿಂದ ಅಲ್ಲಿ ಪೈಲ್ವಾನರಿಗೆ ಆಶ್ರಯವಿತ್ತು. 1912ರಲ್ಲಿ ಕಟ್ಟಿದ ಖಾಸಬಾಗ ಮೈದಾನದಲ್ಲಿ ಅಖಾಡ ತಗ್ಗಿನಲ್ಲಿದೆ, ಪ್ರೇಕ್ಷಕರು ಸುತ್ತಲೂ ಮೆಟ್ಟಿಲ ಮೇಲೆ. ಖಂಚನಾಳೆ ಪಳಗಿದ್ದು ಆ ಊರಿನ ಶಾಹೂಪುರಿ ತಾಲೀಮಿನಲ್ಲಿ. ನಮ್ಮ ಕಡೆ ಗರಡಿ ಎನ್ನುವುದನ್ನೇ ಅಲ್ಲಿ ತಾಲೀಮು ಎನ್ನುತ್ತಾರೆ, ಗುರುವನ್ನು ವಸ್ತಾದ ಎನ್ನುತ್ತಾರೆ.

ಗರಡಿಯ ಜೀವ ಮಣ್ಣು. ಕೆಂಪು ಮಣ್ಣನ್ನು ಜರಡಿ ಹಿಡಿದು, ಮಜ್ಜಿಗೆ, ನಿಂಬೆರಸ, ಎಣ್ಣೆ, ಅರಿಸಿನ ಬೆರೆಸಿ ಹದ ಮಾಡುತ್ತಾರೆ. ದಿನವೂ ಅಗೆದು ಸಡಿಲಿಸದಿದ್ದರೆ ಅದು ಗಟ್ಟಿಯಾಗಿ ಬಿದ್ದವನ ಬೆನ್ನು ಮುರಿಯುತ್ತದೆ. ಹಾಗಾಗಿ ಅಗೆತವೇ ಅರ್ಧ ಸಾಮು. ಆಮೇಲೆ ದಂಡ, ಬೈಠಕ್, ಜೋಡಿ ಹಿಡಿತ. ಅಖಾಡಕ್ಕಿಳಿದವನು ಒಂದು ಚಿಟಿಕೆ ಮಣ್ಣನ್ನು ಹಣೆಗೆ ಹಚ್ಚಿಕೊಂಡು, ಎದುರಾಳಿಯ ಹೆಗಲಿಗೂ ಒಂದು ಹಿಡಿ ಎರಚುತ್ತಾನೆ. ಅದು ಗೌರವವೂ ಹೌದು, ಬೆವರಿದ ಮೈ ಜಾರದಿರಲಿ ಎಂಬ ಉಪಾಯವೂ ಹೌದು.

ಪಟ್ಟುಗಳಲ್ಲಿ ಧೋಬಿ ಪಛಾಡ್ ನೋಡಲು ಸೊಗಸು. ಎದುರಾಳಿಯ ತೋಳನ್ನು ಹೆಗಲ ಮೇಲೆ ಎಳೆದುಕೊಂಡು, ಸೊಂಟ ತಗ್ಗಿಸಿ, ಅಗಸ ಬಟ್ಟೆ ಒಗೆದಂತೆ ಮುಂದಕ್ಕೆ ಎತ್ತಿ ಹಾಕುವುದು. ಜಪಾನಿನ ಜೂಡೊದ ‘ಸೆಓಯಿ ನಾಗೆ’ಯೂ ಬಹುಪಾಲು ಇದೇ. ಜಿಗೊರೊ ಕಾನೊ 1882ರಲ್ಲಿ ಟೋಕಿಯೊದ ಒಂದು ದೇವಾಲಯದಲ್ಲಿ 12 ಚಾಪೆಗಳ ಜಾಗದಲ್ಲಿ ಕೊಡೊಕಾನ್ ಶಾಲೆ ತೆರೆದಾಗ, ಹಳೆಯ ಜುಜುತ್ಸುವಿನ ಅಪಾಯದ ಪಟ್ಟುಗಳನ್ನು ಅಭ್ಯಾಸದ ಸೆಣಸಾಟದಿಂದ ಹೊರಗಿಟ್ಟು, ಕಲಿಕೆಗೆ ದರ್ಜೆಗಳನ್ನು ಮಾಡಿದರು. ಗರಡಿಯಲ್ಲಿ ಅಂಥ ದರ್ಜೆಯಿಲ್ಲ. ಯಾರು ಯಾರೊಡನೆ ಸರಿಜೋಡಿ ಎಂಬುದು ವಸ್ತಾದರ ಕಣ್ಣಂದಾಜು. ಜೂಡೊದಲ್ಲಿ ಅಂಗಿಯ ಕೊರಳಪಟ್ಟಿ ಹಿಡಿಯಬಹುದು. ಲಂಗೋಟ ತೊಟ್ಟವನ ಮೈಯಲ್ಲಿ ಹಿಡಿಯಲು ಅದೂ ಇಲ್ಲ.

1959ರಲ್ಲಿ ದೆಹಲಿಯಲ್ಲಿ ಮೊದಲ ಹಿಂದ್ ಕೇಸರಿ ಸ್ಪರ್ಧೆ ನಡೆಯಿತು. ಖಂಚನಾಳೆ ಪಂಜಾಬಿನ ಬಂತಾ ಸಿಂಗ್ ಅವರನ್ನು ಮಣಿಸಿ ಬಿರುದು ಗೆದ್ದರು. ಪಂಜಾಬಿನ ಮಲ್ಲರೆಂದರೆ ದೇಶವೇ ಅಂಜುತ್ತಿದ್ದ ಕಾಲವದು. ಅದೇ ವರ್ಷ ಕರಾಡದಲ್ಲಿ ಮಹಾರಾಷ್ಟ್ರ ಕೇಸರಿಯೂ ಆದರು, ಮಹಾರಾಷ್ಟ್ರವೆಂಬ ರಾಜ್ಯ ರೂಪುಗೊಳ್ಳುವ ಒಂದು ವರ್ಷ ಮೊದಲು.

ಗರಡಿಯ ಕುಸ್ತಿಯಂತಲ್ಲ, ಒಲಿಂಪಿಕ್ಸ್ ಕುಸ್ತಿ ನಡೆಯುವುದು ಮ್ಯಾಟ್ ಮೇಲೆ, ತೂಕದ ವರ್ಗದಲ್ಲಿ, ಅಂಕದ ಲೆಕ್ಕದಲ್ಲಿ. ಕೊಲ್ಲಾಪುರದಲ್ಲೇ ಓದಿದ ಖಾಶಾಬಾ ಜಾಧವ 1952ರಲ್ಲಿ ಹೆಲ್ಸಿಂಕಿಯಲ್ಲಿ ಕಂಚು ಗೆದ್ದು ಆ ದಾರಿ ತೋರಿದ್ದರು. ಮಣ್ಣಿನ ಕುಸ್ತಿಯಲ್ಲಿ ಅಂಕಗಳ ಗೊಡವೆಯಿಲ್ಲ; ನಿಕಾಲಿ ಕುಸ್ತಿಯೆಂದರೆ ಒಬ್ಬನ ಬೆನ್ನು ನೆಲಕ್ಕೆ ಹತ್ತುವವರೆಗೂ ಹಿಡಿತ. ಈಗ ಬೆಳಗಾವಿ ಕಡೆಯ ಮಕ್ಕಳು ಜೂಡೊವನ್ನೂ ಕಲಿಯುತ್ತಾರೆ. ತುರಮುರಿಯ ಮಲಪ್ರಭಾ ಜಾಧವ 2018ರ ಏಷ್ಯನ್ ಕ್ರೀಡಾಕೂಟದಲ್ಲಿ ಜೂಡೊವನ್ನು ಹೋಲುವ ಕುರಾಶ್‌ನ 52 ಕಿಲೊ ವಿಭಾಗದಲ್ಲಿ ಕಂಚು ತಂದರು.

ಖಂಚನಾಳೆ ಸ್ಪರ್ಧೆ ಬಿಟ್ಟ ಮೇಲೂ ಕೊಲ್ಲಾಪುರ ಬಿಡಲಿಲ್ಲ; ಎಳೆಯ ಪೈಲ್ವಾನರನ್ನು ತಿದ್ದುತ್ತ ಅಲ್ಲೇ ನೆಲೆಸಿದರು. 2020ರ ಡಿಸೆಂಬರಿನಲ್ಲಿ, 86ರ ವಯಸ್ಸಿನಲ್ಲಿ, ಅದೇ ಊರಿನಲ್ಲಿ ತೀರಿಕೊಂಡರು.