ಹಸಿರು ವೈರ್ ಎಲ್ಲಿಗೆ ಹೋಗುತ್ತದೆ?

ಹೋದ ಮಳೆಗಾಲದಲ್ಲಿ ಚಿಕ್ಕಮ್ಮನ ಮನೆಗೆ ಹೋಗಿದ್ದೆ. ದೋಸೆಗೆ ರುಬ್ಬಲು ನಿಂತ ಅವರು ಗ್ರೈಂಡರ್ ಮುಟ್ಟುವ ಮೊದಲು ಕಾಲಡಿಗೆ ಮರದ ಮಣೆ ಎಳೆದುಕೊಂಡರು. "ಒಂಚೂರು ಜುಮ್ ಅನ್ನತ್ತೆ ಕಣೋ. ಮಣೆ ಮೇಲೆ ನಿಂತ್ರೆ ಏನೂ ಆಗಲ್ಲ" ಎಂದರು. ಮಾರನೆಯ ದಿನವೇ ಎಲೆಕ್ಟ್ರಿಷಿಯನ್ ಕರೆಸಿ, ಮೇನ್ ಇಳಿಸಿ, ಮನೆಯ ವೈರುಗಳೆಲ್ಲ ಬಂದು ಸೇರುವ ಡಿಬಿ ಬಾಕ್ಸ್ ಬಿಚ್ಚಿಸಿದೆವು. ಅಡುಗೆಮನೆಯಿಂದ ಬಂದ ಹಸಿರು ವೈರು ಅರ್ಥ್ ಪಟ್ಟಿಯ ಸ್ಕ್ರೂವಿಗೆ ಸೇರಿರಲೇ ಇಲ್ಲ. ಯಾರೋ ಅದರ ತುದಿ ಮಡಚಿ, ಕಪ್ಪು ಟೇಪು ಸುತ್ತಿ, ಮೂಲೆಗೆ ತುರುಕಿದ್ದರು. ಹಿತ್ತಿಲಿನಲ್ಲಿ ಮಾತ್ರ ಅರ್ಥಿಂಗ್ ಗುಂಡಿ ಅಚ್ಚುಕಟ್ಟಾಗಿತ್ತು!

ಅರ್ಥಿಂಗ್ ಬಗ್ಗೆ ನಮ್ಮಲ್ಲಿ ನಂಬಿಕೆ ಬೇಕಾದಷ್ಟಿದೆ, ತಿಳಿವಳಿಕೆ ಕಡಿಮೆ. ಜೀವಕ್ಕೇ ಕುತ್ತು ತರುವ ಕೆಲವು ತಪ್ಪು ಕಲ್ಪನೆಗಳನ್ನು ಇಲ್ಲಿ ನೋಡೋಣ.

ತಪ್ಪು ಕಲ್ಪನೆ 1: ಭೂಮಿ ಕರೆಂಟನ್ನು ಎಳೆದುಕೊಳ್ಳುತ್ತದೆ, ಗುಂಡಿ ಇದ್ದರೆ ಸಾಕು.

ಸತ್ಯ: ಭೂಮಿ ಕರೆಂಟನ್ನು ನುಂಗುವುದಿಲ್ಲ. ಟ್ರಾನ್ಸ್‌ಫಾರ್ಮರ್‌ನಿಂದ ಹೊರಟ ಕರೆಂಟು ತಿರುಗಿ ಅಲ್ಲಿಗೇ ಸೇರಬೇಕು. ನೆಲದ ಮೂಲಕ ಹೋದರೂ ಅದು ಹುಡುಕುವುದು ಟ್ರಾನ್ಸ್‌ಫಾರ್ಮರ್ ಬುಡದಲ್ಲಿ ಭೂಮಿಗೆ ಜೋಡಿಸಿರುವ ನ್ಯೂಟ್ರಲ್ ಅನ್ನೇ. ಹಸಿರು ವೈರಿನ ಕೆಲಸ ಎರಡು: ಉಪಕರಣದ ಲೋಹದ ಮೈಗೆ ಕರೆಂಟ್ ತಗುಲಿದರೆ ಅದಕ್ಕೆ ಸಲೀಸಾದ ದಾರಿ ಕೊಡುವುದು, ಆ ಮೂಲಕ ಡಿಬಿಯಲ್ಲಿರುವ ರಕ್ಷಣಾ ಸಾಧನವನ್ನು ಎಚ್ಚರಿಸಿ ಲೈನ್ ಕಡಿಯುವಂತೆ ಮಾಡುವುದು. ಲೈನ್ ಕಡಿಯದಿದ್ದರೆ ಕೆಲಸ ಅರ್ಧಕ್ಕೇ ನಿಂತಂತೆ.

ತಪ್ಪು ಕಲ್ಪನೆ 2: ಎಂಸಿಬಿ ಇದೆಯಲ್ಲ, ಶಾಕ್ ಹೊಡೆದರೆ ಟ್ರಿಪ್ ಆಗುತ್ತದೆ.

ಸತ್ಯ: ಎಂಸಿಬಿ ಕಾಯುವುದು ವೈರನ್ನು, ಮನುಷ್ಯನನ್ನಲ್ಲ. ಲೋಡ್ ಹೆಚ್ಚಾದಾಗ ಅಥವಾ ಶಾರ್ಟ್ ಆದಾಗ ಅದು ಬೀಳುತ್ತದೆ. ಒದ್ದೆ ಮೈಯ ರೋಧ ಸುಮಾರು 1000 ಓಮ್ ಎಂದಿಟ್ಟುಕೊಂಡರೆ, 230 ವೋಲ್ಟ್‌ಗೆ ಮೈಯೊಳಗೆ ಹರಿಯುವುದು 230 ಮಿಲಿಆಂಪ್. ಹೃದಯದ ಬಡಿತ ತಪ್ಪಿಸಲು ಅಷ್ಟು ಧಾರಾಳ ಸಾಕು. 16 ಆಂಪ್‌ನ ಎಂಸಿಬಿಗೆ ಅದು ಲೆಕ್ಕಕ್ಕೇ ಇಲ್ಲ.

ಅರ್ಥಿಂಗ್ ಇದ್ದರೂ ಇದೇ ತೊಡಕು. ಗೀಸರ್‌ನ ಮೈಗೆ ಫೇಸ್ ತಗುಲಿದೆ ಎನ್ನಿ. ಮನೆಯ ಗುಂಡಿ, ನೆಲ, ಟ್ರಾನ್ಸ್‌ಫಾರ್ಮರ್‌ನ ಗುಂಡಿ ಎಲ್ಲ ಸೇರಿ ದಾರಿಯ ರೋಧ 20 ಓಮ್ ಇದ್ದರೆ ಹರಿಯುವುದು 11.5 ಆಂಪ್ ಮಾತ್ರ. 16 ಆಂಪ್‌ನ ಎಂಸಿಬಿ ಕದಲುವುದಿಲ್ಲ, ಗೀಸರ್‌ನ ಮೈಯಲ್ಲಿ ಅಪಾಯದ ವೋಲ್ಟೇಜ್ ಹಾಗೇ ನಿಂತಿರುತ್ತದೆ.

ಇಲ್ಲಿ ಬೇಕಾದದ್ದು 30 ಮಿಲಿಆಂಪ್‌ನ ಆರ್‌ಸಿಸಿಬಿ. ನಮ್ಮ ಎಲೆಕ್ಟ್ರಿಷಿಯನ್‌ಗಳ ಬಾಯಲ್ಲಿ ಇಂದಿಗೂ ಇಎಲ್‌ಸಿಬಿ. ಫೇಸ್‌ನಲ್ಲಿ ಹೋದ ಕರೆಂಟಷ್ಟೂ ನ್ಯೂಟ್ರಲ್‌ನಲ್ಲಿ ಮರಳಿತೇ ಎಂದು ಅದು ಸದಾ ಲೆಕ್ಕ ನೋಡುತ್ತದೆ. ಲೆಕ್ಕ ತಪ್ಪಿದರೆ ಸೆಕೆಂಡಿನ ಸಣ್ಣದೊಂದು ಭಾಗದಲ್ಲೇ ಲೈನ್ ಕಡಿಯುತ್ತದೆ. ಆದರೆ ಒಂದು ಕೈ ಫೇಸ್‌ಗೂ ಇನ್ನೊಂದು ಕೈ ನ್ಯೂಟ್ರಲ್‌ಗೂ ತಾಗಿದರೆ ಅದಕ್ಕೂ ಗೊತ್ತಾಗದು. ಓವರ್‌ಲೋಡನ್ನೂ ಅದು ತಡೆಯದು. ಹಾಗಾಗಿ ಡಿಬಿಯಲ್ಲಿ ಎಂಸಿಬಿ, ಆರ್‌ಸಿಸಿಬಿ ಎರಡೂ ಇರಬೇಕು.

ತಪ್ಪು ಕಲ್ಪನೆ 3: ನ್ಯೂಟ್ರಲ್, ಅರ್ಥ್ ಎರಡೂ ಒಂದೇ, ಸಾಕೆಟ್‌ನಲ್ಲೇ ಜೋಡಿಸಿದರಾಯಿತು.

ಸತ್ಯ: ಇದು ಎಲ್ಲಕ್ಕಿಂತ ಭಯಂಕರವಾದದ್ದು. ನ್ಯೂಟ್ರಲ್ ದಿನವಿಡೀ ಕರೆಂಟ್ ಹೊರುವ ವೈರು. ಅರ್ಥ್ ವೈರು ತೊಂದರೆಯಾದಾಗ ಮಾತ್ರ ಹೊರಬೇಕಾದದ್ದು. ಗುಂಡಿಯಿಂದ ಅರ್ಥ್ ವೈರು ತರದೆ ಸಾಕೆಟ್‌ನಲ್ಲೇ ಇವೆರಡನ್ನೂ ಸೇರಿಸಿದ ಮನೆಯಲ್ಲಿ ಒಂದು ದಿನ ನ್ಯೂಟ್ರಲ್ ವೈರು ಎಲ್ಲೋ ಸಡಿಲವಾಗಿ ಬಿಟ್ಟುಕೊಂಡಿತು ಎನ್ನಿ. ಫ್ರಿಜ್‌ನ ಸ್ವಿಚ್ ಹಾಕಿದೊಡನೆ ಫೇಸ್ ಅದರ ಮೋಟಾರಿನೊಳಗೆ ಹಾದು, ತುಂಡಾದ ನ್ಯೂಟ್ರಲ್‌ವರೆಗೆ ಬಂದು, ಮುಂದೆ ದಾರಿಯಿಲ್ಲದೆ ಉಪಕರಣದ ಮೈಗೆಲ್ಲ ಏರುತ್ತದೆ. ಉಪಕರಣದಲ್ಲಿ ಯಾವ ದೋಷವೂ ಇಲ್ಲದೆಯೇ ಫ್ರಿಜ್‌ನ ಬಾಗಿಲು 230 ವೋಲ್ಟ್ ಆಗಿರುತ್ತದೆ. ಡಿಬಿಯಲ್ಲಿ ನ್ಯೂಟ್ರಲ್ ಪಟ್ಟಿ, ಅರ್ಥ್ ಪಟ್ಟಿ ಬೇರೆಬೇರೆ ಇರುವುದು ಇದಕ್ಕೇ.

ತಪ್ಪು ಕಲ್ಪನೆ 4: ತಗಡಿನ ಬಾಕ್ಸ್‌ಗೆ ಅರ್ಥ್ ಕೊಟ್ಟ ಮೇಲೆ ಅದರ ಬಾಗಿಲಿಗೆ ಬೇಕಿಲ್ಲ.

ಸತ್ಯ: ಬಾಗಿಲು ಬಾಕ್ಸ್‌ಗೆ ತಾಗುವುದು ಕೀಲಿನಲ್ಲಿ. ಕೀಲಿಗೆ ಬಣ್ಣ, ತುಕ್ಕು ಹಿಡಿದಿರುತ್ತದೆ, ಅದನ್ನು ನಂಬುವಂತಿಲ್ಲ. ದೊಡ್ಡ ಪ್ಯಾನಲ್‌ಗಳಲ್ಲಿ, ಪಂಪ್‌ಸೆಟ್ ಸ್ಟಾರ್ಟರ್ ಪೆಟ್ಟಿಗೆಗಳಲ್ಲಿ ಬಾಗಿಲಿಗೂ ಬಾಕ್ಸ್‌ಗೂ ನಡುವೆ ಗಿಡ್ಡನೆಯ ಹಸಿರು ವೈರೊಂದು ಇರಬೇಕು. ಬಾಗಿಲು ಮುಚ್ಚುವಾಗ ಸಿಕ್ಕಿಕೊಳ್ಳುತ್ತದೆಂದು ಅದನ್ನು ಕತ್ತರಿಸಿಹಾಕುವವರಿದ್ದಾರೆ. ಹೊಲದಲ್ಲಿ ಒದ್ದೆ ಕಾಲಲ್ಲಿ ನಿಂತು ಆ ಬಾಗಿಲನ್ನು ತೆಗೆಯುವ ರೈತನನ್ನು ನೆನೆದರೆ ಕತ್ತರಿ ಕೈಗೆತ್ತಿಕೊಳ್ಳಲು ಮನಸ್ಸಾಗಬಾರದು.

ತಪ್ಪು ಕಲ್ಪನೆ 5: ಗುಂಡಿಗೆ ಉಪ್ಪು, ಇದ್ದಿಲು ಹಾಕಿದರೆ ಜನ್ಮಪೂರ್ತಿ ಚಿಂತೆಯಿಲ್ಲ.

ಸತ್ಯ: ಉಪ್ಪು ಮಣ್ಣಿನ ರೋಧ ಇಳಿಸುತ್ತದೆ ನಿಜ. ಆದರೆ ಮಳೆಗೆ ಕರಗಿ ಹೋಗುತ್ತದೆ, ಇರುವಷ್ಟು ದಿನ ಕಬ್ಬಿಣದ ಪೈಪನ್ನೂ ತಿನ್ನುತ್ತದೆ. ಬೇಸಿಗೆಯಲ್ಲಿ ಮಣ್ಣು ಒಣಗಿದಾಗ ರೋಧ ಮತ್ತೆ ಏರುತ್ತದೆ. ಅರ್ಥಿಂಗ್ ಹೇಗಿದೆಯೆಂದು ತಿಳಿಯುವುದು ಅರ್ಥ್ ಟೆಸ್ಟರ್‌ನಿಂದ ಅಳೆದಾಗಲೇ. ವರ್ಷಕ್ಕೊಮ್ಮೆ, ಬೇಸಿಗೆಯಲ್ಲೇ ಅಳೆಸಿ.

ತಪ್ಪು ಕಲ್ಪನೆ 6: ಪದೇಪದೇ ಬೀಳುವ ಆರ್‌ಸಿಸಿಬಿ ಕೆಟ್ಟಿದೆ, ತೆಗೆದುಬಿಡಿ.

ಸತ್ಯ: ಚಿಕ್ಕಮ್ಮನ ಮನೆಯಲ್ಲಿ ಹಸಿರು ವೈರನ್ನು ಪಟ್ಟಿಗೆ ಸೇರಿಸಿ, ಹೊಸ ಆರ್‌ಸಿಸಿಬಿ ಹಾಕಿಸಿದೆವು. ಅವರು ಗ್ರೈಂಡರ್ ಸ್ವಿಚ್ ಒತ್ತಿದರು. ಕಲ್ಲು ಒಂದು ಸುತ್ತು ಬರುವ ಮೊದಲೇ ಟಪ್ ಎಂದು ಬಿತ್ತು. "ನೋಡು, ಹೊಸದೇ ಸರಿಯಿಲ್ಲ" ಎಂದರು ಚಿಕ್ಕಮ್ಮ. ಸರಿಯಾಗಿಯೇ ಇತ್ತು. ಮೋಟಾರಿನೊಳಗೆ ನೀರಿಳಿದು ಕರೆಂಟ್ ಸೋರುತ್ತಿತ್ತು. ಅಷ್ಟು ದಿನ ಆ ಸೋರಿಕೆಗೆ ಸಿಕ್ಕಿದ್ದ ದಾರಿ ಚಿಕ್ಕಮ್ಮನ ಮೈ ಒಂದೇ. ಮಣೆ ಅದನ್ನು ಚೂರು ತಡೆದಿತ್ತು, ಅಷ್ಟೆ.

ಆರ್‌ಸಿಸಿಬಿಯ ಮೇಲೆ 'ಟಿ' ಎಂಬ ಪುಟ್ಟ ಗುಂಡಿಯಿದೆ. ಒತ್ತಿದರೆ ಟಪ್ಪೆಂದು ಬೀಳಬೇಕು, ಬೀಳದಿದ್ದರೆ ಕೂಡಲೇ ಬದಲಿಸಿ. ಅದು ಪರೀಕ್ಷಿಸುವುದು ಆ ಸಾಧನವನ್ನು ಮಾತ್ರ, ಅರ್ಥಿಂಗನ್ನಲ್ಲ ಎಂಬುದು ನೆನಪಿರಲಿ. ಆಯುಧಪೂಜೆಗೆ ಮೀಟರ್ ಬೋರ್ಡಿಗೆ ಕುಂಕುಮ ಇಡುವವರು ನಾವು. ಅದು ವರ್ಷಕ್ಕೊಮ್ಮೆ. ಚಿಕ್ಕಮ್ಮ ಈಗ ಪ್ರತಿ ಅಮಾವಾಸ್ಯೆ ಬೆಳಿಗ್ಗೆ ಆ ಗುಂಡಿ ಒತ್ತಿ, ಶಬ್ದ ಕೇಳಿದ ಮೇಲೆಯೇ ರುಬ್ಬಲು ಹೋಗುತ್ತಾರೆ.